ಭೀತಿಗೆ ಶ್ರುತಿ ಕೂಡಿಸುವವರು

ಚಲನಚಿತ್ರ ಮುಗಿದು ಹೊರಬಂದವರನ್ನು ‘ಸಂಗೀತ ಹೇಗಿತ್ತು?’ ಎಂದು ಕೇಳಿದರೆ ಅವರು ಹಾಡುಗಳ ಕುರಿತೇ ಉತ್ತರ ಕೊಡುತ್ತಾರೆ. ಕತ್ತಲು ತುಂಬಿದ ಪಡಸಾಲೆಯಲ್ಲಿ ನಾಯಕಿ ದೀಪ ಹಿಡಿದು ಒಂದೊಂದೇ ಹೆಜ್ಜೆಯಿಡುವಾಗ ತಮ್ಮ ಅಂಗೈ ಬೆವರುವಂತೆ ಮಾಡಿದ ಆ ಸಣ್ಣ ಗುಂಯ್‌ಗುಡುವಿಕೆಯೂ ಸಂಗೀತವೇ, ಅದನ್ನೂ ಒಬ್ಬರು ಹಗಲಿರುಳು ಕುಳಿತು ರಚಿಸಿದ್ದಾರೆ ಎಂಬ ಸಂಗತಿ ಬಹುತೇಕರ ಲಕ್ಷ್ಯಕ್ಕೆ ಬರುವುದಿಲ್ಲ. ಪತ್ತೇದಾರಿ ಹಾಗೂ ರೋಚಕ ಚಿತ್ರಗಳ ಹಿನ್ನೆಲೆ ಸಂಗೀತಗಾರರ ಭಾಗ್ಯವೇ ಅಂಥದ್ದು. ಕೆಲಸ ಎಷ್ಟು ಚೆನ್ನಾಗಿ ಆದೀತೋ ಅಷ್ಟರಮಟ್ಟಿಗೆ ಅದು ಕೇಳುಗನಿಗೆ ಕೇಳಿಸದೆ ಹೋಗುತ್ತದೆ.

ಈ ವಾರದ ಲೇಖನವನ್ನು ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ತಾಲೂಕುಗಳಲ್ಲಿ ಕೀಬೋರ್ಡ್ ಮುಂದೆ ಕುಳಿತುಕೊಳ್ಳುವ ತರುಣ ತರುಣಿಯರನ್ನು ವಿಶೇಷವಾಗಿ ಮನಸ್ಸಿನಲ್ಲಿಟ್ಟುಕೊಂಡು ಬರೆಯಲಾಗಿದೆ. ಭಾನುವಾರ ಬಲಿಪೂಜೆಯ ಗಾನವೃಂದದಲ್ಲಿ ನುಡಿಸುವವರು, ಮದುವೆಯ ಆರ್ಕೆಸ್ಟ್ರಾಗಳಲ್ಲಿ ನುಡಿಸುವವರು, ಭಜನಾ ಮೇಳದಲ್ಲಿ ಪೇಟಿಯ ಜಾಗಕ್ಕೆ ಬಂದು ಕುಳಿತವರು, ಇವರೆಲ್ಲರ ಕೈಕೆಳಗೆ ಇರುವ ವಾದ್ಯವು ಹಾಡಿಗೆ ಸಾಥ್ ಕೊಡುವುದಕ್ಕಿಂತ ಬೇರೆಯಾದ ಇನ್ನೊಂದು ಕೆಲಸವನ್ನೂ ಬಲ್ಲದು. ಆ ಕೆಲಸಕ್ಕೆ ಕನ್ನಡದಲ್ಲಿಯೇ ಒಂದು ಪರಂಪರೆಯುಂಟು.

1989ರಲ್ಲಿ ತೆರೆಕಂಡ ‘ತರ್ಕ’ ಚಿತ್ರವನ್ನು ನೋಡಿದವರು ಅದನ್ನು ಮರೆತಿರಲಾರರು. ಸುನಿಲ್ ಕುಮಾರ್ ದೇಸಾಯಿಯವರು ನಿರ್ದೇಶಿಸಿದ ಮೊದಲ ಚಿತ್ರವದು. ಶಂಕರ್ ನಾಗ್, ದೇವರಾಜ್, ವನಿತಾ ವಾಸು ಪ್ರಮುಖ ಪಾತ್ರಗಳಲ್ಲಿದ್ದರು. ಚಿತ್ರದಲ್ಲಿ ಹಾಡು ಒಂದೂ ಇರಲಿಲ್ಲ. ಐದಾರು ಹಾಡು, ನಾಲ್ಕು ಹೊಡೆದಾಟ, ಒಂದು ಹಾಸ್ಯದ ಎಳೆ ಇವಿಲ್ಲದೆ ಚಿತ್ರವೇ ಅಲ್ಲವೆಂದು ಭಾವಿಸಿದ್ದ ಕಾಲದಲ್ಲಿ ಅದೊಂದು ಧೈರ್ಯದ ನಡೆ. ಹಿನ್ನೆಲೆ ಸಂಗೀತದ ಹೊಣೆ ಗುಣ ಸಿಂಗ್ ಅವರದಾಗಿತ್ತು. ಸಾಮಾನ್ಯ ಚಿತ್ರದಲ್ಲಿ ಸಂಗೀತ ನಿರ್ದೇಶಕನು ಹಾಡುಗಳ ಬಲದಿಂದ ಹೆಸರು ಗಳಿಸಿ, ಹಿನ್ನೆಲೆ ಸಂಗೀತವನ್ನು ಕೊನೆಯ ಕೆಲವು ದಿನಗಳಲ್ಲಿ ಮುಗಿಸುವುದುಂಟು. ಹಾಡೇ ಇಲ್ಲದ ಚಿತ್ರದಲ್ಲಿ ಆ ಆಸರೆಯಿಲ್ಲ. ಪ್ರೇಕ್ಷಕನನ್ನು ಆಸನದ ತುದಿಗೆ ತಂದು ಕೂರಿಸಬೇಕಾದದ್ದು ಚಿತ್ರಕಥೆ, ಛಾಯಾಗ್ರಹಣ ಮತ್ತು ಈ ಹೆಸರಿಲ್ಲದ ನಾದ. ಮರುವರ್ಷ, 1990ರಲ್ಲಿ, ‘ತರ್ಕ’ವು ‘ಪುರಿಯಾದ ಪುದಿರ್’ ಎಂಬ ಹೆಸರಿನಲ್ಲಿ ತಮಿಳಿಗೆ ಹೋಯಿತು, ಕೆ. ಎಸ್. ರವಿಕುಮಾರ್ ಅವರಿಗೆ ನಿರ್ದೇಶಕರಾಗಿ ಅದು ಮೊದಲ ಚಿತ್ರ. ಅದೇ 1990ರ ಸೆಪ್ಟೆಂಬರ್ 30ರಂದು ಶಂಕರ್ ನಾಗ್ ದಾವಣಗೆರೆಯ ಬಳಿ ರಸ್ತೆ ಅಪಘಾತದಲ್ಲಿ ನಮ್ಮನ್ನಗಲಿದರು.

ದೇಸಾಯಿ ಮತ್ತು ಗುಣ ಸಿಂಗ್ ಜೋಡಿ ಅಷ್ಟಕ್ಕೇ ನಿಲ್ಲಲಿಲ್ಲ. 1990ರಲ್ಲಿ ‘ಉತ್ಕರ್ಷ’, 1993ರಲ್ಲಿ ವಿಷ್ಣುವರ್ಧನ್ ಮತ್ತು ಅನಂತ್ ನಾಗ್ ನಟಿಸಿದ ‘ನಿಷ್ಕರ್ಷ’ ಬಂದವು. ಮಣಿಪಾಲದಲ್ಲಿ ಚಿತ್ರೀಕರಿಸಲಾದ ‘ನಿಷ್ಕರ್ಷ’ದ ಕಥೆ ಬಹುಮಟ್ಟಿಗೆ ಒಂದೇ ಬಹುಮಹಡಿ ಕಟ್ಟಡದೊಳಗೆ, ಒತ್ತೆಯಾಳುಗಳ ಸುತ್ತ ನಡೆಯುತ್ತದೆ. ಅಲ್ಲಿಯೂ ಹಾಡಿಲ್ಲ. ಇಂಥ ಚಿತ್ರಗಳು ವಿರಳವಾಗಿದ್ದುದಕ್ಕೆ ವ್ಯಾಪಾರದ ಕಾರಣವೊಂದುಂಟು. ಆ ಕಾಲದಲ್ಲಿ ಧ್ವನಿಸುರುಳಿಗಳ ಮಾರಾಟ ಚಿತ್ರದ ಆದಾಯದ ಒಂದು ಭಾಗವೇ ಆಗಿತ್ತು. ಬಿಡುಗಡೆಗೆ ಮುನ್ನವೇ ಬಸ್ ನಿಲ್ದಾಣದ ಕ್ಯಾಸೆಟ್ ಅಂಗಡಿಗಳು ಚಿತ್ರಕ್ಕೆ ಪ್ರಚಾರ ಕೊಡುತ್ತಿದ್ದವು. ಹಾಡಿಲ್ಲದ ಚಿತ್ರಕ್ಕೆ ಮಾರಲು ಕ್ಯಾಸೆಟ್ಟೇ ಇಲ್ಲ. ಭಾರತದಲ್ಲಿ ಇದಕ್ಕೆ ಮುನ್ನ ಆ ಸಾಹಸ ಮಾಡಿದವರೂ ಬೆರಳೆಣಿಕೆಯವರೇ: ತಮಿಳಿನಲ್ಲಿ ಎಸ್. ಬಾಲಚಂದರ್ ಅವರ ‘ಅಂದ ನಾಳ್’ (1954), ಹಿಂದಿಯಲ್ಲಿ ಬಿ. ಆರ್. ಛೋಪ್ರಾ ಅವರ ‘ಕಾನೂನ್’ (1960), ಯಶ್ ಛೋಪ್ರಾ ಅವರ ‘ಇತ್ತೆಫಾಕ್’ (1969). ಕೊನೆಯ ಎರಡಕ್ಕೂ ಹಿನ್ನೆಲೆ ಸಂಗೀತ ನೀಡಿದವರು ಸಲೀಲ್ ಚೌಧರಿ. ಮಧುರ ಗೀತೆಗಳಿಗೆ ಹೆಸರಾದ ಸಂಗೀತಗಾರನು ಒಂದೂ ಹಾಡಿಲ್ಲದ ಚಿತ್ರವನ್ನು ಒಪ್ಪಿಕೊಂಡದ್ದು ಅವರ ದೊಡ್ಡತನವೆಂದೇ ಈ ಲೇಖಕನ ಅಭಿಮತ.

ಭೀತಿಯನ್ನು ಧ್ವನಿಯಿಂದ ಹುಟ್ಟಿಸುವ ವಿದ್ಯೆ ನಮ್ಮ ಭಾಗಕ್ಕೆ ಹೊಸದೇನಲ್ಲ. ಜಾತ್ರೆಗಳಿಗೆ ಬಂದು ಬಿಡಾರ ಹೂಡುತ್ತಿದ್ದ ನಾಟಕ ಕಂಪನಿಗಳನ್ನು ಹಿರಿಯರು ಬಲ್ಲರು. ರಂಗದ ಪಕ್ಕದಲ್ಲಿ ತೂಗುಹಾಕಿದ ತೆಳು ತಗಡನ್ನು ಅಲುಗಾಡಿಸಿದರೆ ಗುಡುಗು, ಡಬ್ಬಿಯಲ್ಲಿ ಕಾಳು ತುಂಬಿ ನಿಧಾನವಾಗಿ ಹೊರಳಿಸಿದರೆ ಮಳೆ, ತೆಂಗಿನ ಚಿಪ್ಪುಗಳನ್ನು ಹಲಗೆಯ ಮೇಲೆ ಬಡಿದರೆ ಕುದುರೆಯ ಖುರಪುಟ. ಖಳನಾಯಕನ ಪ್ರವೇಶಕ್ಕೆ ಪೇಟಿ ಮಾಸ್ತರರು ಕಾಲುಪೆಟ್ಟಿಗೆಯ ತಿದಿಯನ್ನು ಒತ್ತಿ ಎರಡು ಪಕ್ಕದ ಸ್ವರಗಳನ್ನು ಒಟ್ಟಿಗೆ ಹಿಡಿದರೆಂದರೆ ಮುಂದಿನ ಸಾಲಿನ ಮಕ್ಕಳು ತಾಯಿಯ ಸೆರಗು ಹಿಡಿಯುತ್ತಿದ್ದರು. ಕಂಪನಿ ರಂಗಭೂಮಿಯಲ್ಲಿಯೇ ಬಾಲ್ಯದ ಪಾಠ ಕಲಿತ ಬಿ. ವಿ. ಕಾರಂತರು ಮುಂದೆ ಸಿಕ್ಕ ಸಿಕ್ಕ ವಸ್ತುವಿನಿಂದೆಲ್ಲ ನಾದ ಹೊರಡಿಸಿ ರಂಗಸಂಗೀತವನ್ನೇ ಹೊಸದಾಗಿಸಿದರು. ಚಿತ್ರಗಳಲ್ಲಿಯೂ ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ಗಳಿಗಾಗಿ ಅವರಿಗೆ ಸಂಗೀತ ನಿರ್ದೇಶನದ ರಾಷ್ಟ್ರಪ್ರಶಸ್ತಿ ಎರಡು ಬಾರಿ ಸಂದಿತು.

ಪೇಟಿ ಮಾಸ್ತರರ ಆ ಎರಡು ಸ್ವರಗಳ ಗುಟ್ಟನ್ನು ತುಸು ಬಿಡಿಸಿ ನೋಡುವುದು ಉಚಿತ. ಸೆಕೆಂಡಿಗೆ 200 ಬಾರಿ ಕಂಪಿಸುವ ಒಂದು ನಾದ, 204 ಬಾರಿ ಕಂಪಿಸುವ ಇನ್ನೊಂದು ನಾದ ಒಟ್ಟಿಗೆ ಕೇಳಿದರೆ, ಕಿವಿಗೆ ಎರಡು ಸ್ವರ ಕೇಳಿಸುವುದಿಲ್ಲ. ಒಂದೇ ಸ್ವರವು ಸೆಕೆಂಡಿಗೆ ನಾಲ್ಕು ಸಲ ಉಬ್ಬಿ ಇಳಿಯುವಂತೆ ಕೇಳಿಸುತ್ತದೆ. ತಂಬೂರಿಯ ತಂತಿ ಶ್ರುತಿಗೆ ಸೇರುವ ಮುನ್ನ ಹೊರಡುವ ನಡುಕ ಇದೇ. ಅಂತರ ಹೆಚ್ಚುತ್ತ ಷಡ್ಜದ ಮಗ್ಗುಲಿಗೆ ಕೋಮಲ ರಿಷಭವು ಬಂದು ನಿಂತಾಗ ಆ ನಡುಕ ಗರಗಸದಂತೆ ಒರಟಾಗುತ್ತದೆ. ಕಿವಿ ಅಲ್ಲಿಂದ ಬಿಡುಗಡೆ ಬೇಡುತ್ತದೆ. ಬಿಡುಗಡೆ ಕೊಡದೆ ಕಾಯಿಸುವುದೇ ರೋಚಕ ಚಿತ್ರದ ಸಂಗೀತ.

ಪೇಟಿಯ ಮಿತಿಯೆಂದರೆ ಅದರ ಸ್ವರಗಳು ಮನೆಯಲ್ಲಿ ಕುಳಿತಿವೆ. 200ಕ್ಕೂ 204ಕ್ಕೂ ನಡುವೆ ಅದು ಸಂಚರಿಸಲಾರದು. ವಿದ್ಯುನ್ಮಾನ ವಾದ್ಯಗಳು ಪ್ರವೇಶಿಸಿದ್ದು ಈ ತೆರಪಿನಲ್ಲಿಯೇ. ರಷ್ಯದ ಲಿಯೋನ್ ಥೆರೆಮಿನ್ 1920ರ ಸುಮಾರಿಗೆ ನಿರ್ಮಿಸಿದ, ಅವರ ಹೆಸರಿನಿಂದಲೇ ಕರೆಯಲಾಗುವ ಥೆರೆಮಿನ್ ವಾದ್ಯವನ್ನು ಮುಟ್ಟದೆಯೇ ನುಡಿಸಬೇಕು. ಎರಡು ಲೋಹದ ಕಡ್ಡಿಗಳ ಸಮೀಪ ಕೈಯಾಡಿಸಿದರೆ ಒಂದರಿಂದ ಸ್ವರವೂ ಇನ್ನೊಂದರಿಂದ ಗಾತ್ರವೂ ಬದಲಾಗುತ್ತವೆ. ಆಲ್‌ಫ್ರೆಡ್ ಹಿಚ್‌ಕಾಕ್ ಅವರ ‘ಸ್ಪೆಲ್‌ಬೌಂಡ್’ (1945) ಚಿತ್ರದಲ್ಲಿ ನಾಯಕನ ಮನಸ್ಸು ಕಲಕಿದಾಗಲೆಲ್ಲ ಮಿಕ್ಲೋಶ್ ರೋಜಾ ಈ ವಾದ್ಯದ ಅಳುವಿನಂಥ ದನಿಯನ್ನು ತಂದರು. ಆ ಸಂಗೀತಕ್ಕೆ ಆಸ್ಕರ್ ದೊರೆಯಿತು. 1956ರಲ್ಲಿ ಲೂಯಿ ಮತ್ತು ಬೀಬಿ ಬ್ಯಾರನ್ ದಂಪತಿಗಳು ‘ಫರ್ಬಿಡನ್ ಪ್ಲಾನೆಟ್’ ಚಿತ್ರಕ್ಕೆ ಸಂಪೂರ್ಣ ವಿದ್ಯುನ್ಮಾನ ಸಂಗೀತವನ್ನೇ ರಚಿಸಿದರು. ತಾವೇ ಕಟ್ಟಿದ ವಿದ್ಯುತ್ ಮಂಡಲಗಳನ್ನು ಅತಿಯಾಗಿ ದುಡಿಸಿ, ಅವು ಸುಟ್ಟುಹೋಗುವ ಮುನ್ನ ಹೊರಡಿಸುವ ಚೀರಾಟ ನರಳಾಟಗಳನ್ನು ಟೇಪಿನಲ್ಲಿ ಹಿಡಿಯುವುದು ಅವರ ವಿಧಾನ. ವಾದಕರ ಸಂಘದ ಆಕ್ಷೇಪದ ಭಯದಿಂದ ಚಿತ್ರದ ಶೀರ್ಷಿಕೆಯಲ್ಲಿ ಅದನ್ನು ‘ಸಂಗೀತ’ವೆಂದು ನಮೂದಿಸಲಿಲ್ಲ, ‘ವಿದ್ಯುನ್ಮಾನ ನಾದಗಳು’ ಎಂದಷ್ಟೇ ಬರೆದರು.

ಹಿಚ್‌ಕಾಕ್ ಅವರ ‘ದಿ ಬರ್ಡ್ಸ್’ (1963) ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಅದರಲ್ಲಿ ರೂಢಿಯ ಅರ್ಥದ ಹಿನ್ನೆಲೆ ಸಂಗೀತವೇ ಇಲ್ಲ. ಬರ್ಲಿನ್ನಿನ ಆಸ್ಕರ್ ಸಾಲಾ ಅವರು ಟ್ರೌಟೋನಿಯಂ ಎಂಬ ವಾದ್ಯದಿಂದ, ರೆಮಿ ಗಾಸ್‌ಮನ್ ಅವರ ಜೊತೆಗೂಡಿ, ಹಕ್ಕಿಗಳ ಕೂಗನ್ನೂ ರೆಕ್ಕೆಯ ಬಡಿತವನ್ನೂ ಸೃಷ್ಟಿಸಿದರು. ಧ್ವನಿ ಸಲಹೆಗಾರರಾಗಿದ್ದವರು ಬರ್ನಾರ್ಡ್ ಹರ್ಮನ್. ಅದಕ್ಕೆ ಮೂರು ವರ್ಷ ಮುನ್ನ ‘ಸೈಕೋ’ಗೆ ಬರೇ ತಂತಿವಾದ್ಯಗಳಿಂದ ಸಂಗೀತ ಬರೆದವರೂ ಇವರೇ. ಸ್ನಾನದ ಮನೆಯ ಕೊಲೆಯ ದೃಶ್ಯಕ್ಕೆ ಸಂಗೀತ ಬೇಡವೆಂದು ಹಿಚ್‌ಕಾಕ್ ಹೇಳಿದ್ದರೂ ಹರ್ಮನ್ ಬರೆದು ಕೇಳಿಸಿದರು. ನಿರ್ದೇಶಕರು ಕೇಳಿ ಒಪ್ಪಿಕೊಂಡರು. ಒಂದೇ ಜೋಡಿಯು ಒಂದು ಚಿತ್ರದಲ್ಲಿ ಪಿಟೀಲುಗಳನ್ನು ಚೀರಿಸಿ, ಇನ್ನೊಂದರಲ್ಲಿ ಪಿಟೀಲನ್ನೇ ಹೊರಗಿಟ್ಟದ್ದನ್ನು ನಮ್ಮ ತರುಣರು ಗಮನಿಸಬೇಕು. 1978ರ ‘ಹ್ಯಾಲೋವೀನ್’ಗೆ ನಿರ್ದೇಶಕ ಜಾನ್ ಕಾರ್ಪೆಂಟರ್ ಅವರೇ ಅತ್ಯಲ್ಪ ವೆಚ್ಚದಲ್ಲಿ ಪಿಯಾನೋ ಮತ್ತು ಸಿಂಥಸೈಸರ್ ಹಿಡಿದು ಕುಳಿತರು. ಐದು ಎಣಿಕೆಯ ತಾಳ, ಪದೇ ಪದೇ ಅದೇ ಸ್ವರಗಳು. ಖಂಡ ಗತಿಯ ಪರಿಚಯವಿರುವ ನಮ್ಮವರಿಗೆ ಅದರಲ್ಲಿ ವಿಚಿತ್ರವೇನೂ ಕಾಣದು. ನಾಲ್ಕರ ಎಣಿಕೆಗೆ ಒಗ್ಗಿದ ಕಿವಿಗಳಿಗೆ ಮಾತ್ರ ಒಂದು ಹೆಜ್ಜೆ ಸದಾ ಹೆಚ್ಚಾದಂತೆ, ಯಾರೋ ಹಿಂದೆ ಬರುತ್ತಿರುವಂತೆ ಭಾಸವಾಗುತ್ತದೆ.

ನಮ್ಮ ದೇಶದಲ್ಲಿ ಇಂಥ ಪ್ರಯೋಗ ನಡೆಯಲೇ ಇಲ್ಲವೆಂದು ಬಹುಕಾಲ ನಂಬಲಾಗಿತ್ತು. ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ 1969ರಲ್ಲಿಯೇ ಅಮೆರಿಕದ ಡೇವಿಡ್ ಟ್ಯೂಡರ್ ಅವರ ನೆರವಿನಿಂದ ವಿದ್ಯುನ್ಮಾನ ಸಂಗೀತದ ಸ್ಟುಡಿಯೋ ಆರಂಭವಾಗಿತ್ತು. ಮೂಗ್ ಸಿಂಥಸೈಸರ್ ತರಿಸಲಾಗಿತ್ತು. ಗೀತಾ ಸಾರಾಭಾಯಿ, ಐ. ಎಸ್. ಮಾಥುರ್, ಅತುಲ್ ದೇಸಾಯಿ, ಎಸ್. ಸಿ. ಶರ್ಮಾ, ಜಿನರಾಜ್ ಜೋಶಿಪುರ ಅವರು ಅಲ್ಲಿ ಕೃತಿಗಳನ್ನು ರಚಿಸಿದರು. ಕೆಲವೇ ವರ್ಷಗಳಲ್ಲಿ ಕೆಲಸ ನಿಂತಿತು. ಟೇಪುಗಳು ಸಂಸ್ಥೆಯ ಸಂಗ್ರಹದಲ್ಲಿ ದಶಕಗಳ ಕಾಲ ಯಾರ ಕಿವಿಗೂ ಬೀಳದೆ ಉಳಿದವು. ಬ್ರಿಟನ್ನಿನ ಪಾಲ್ ಪುರ್ಗಸ್ ಅವರು ಹುಡುಕಿ ತೆಗೆದ ಮೇಲೆ, 1969ರಿಂದ 1972ರವರೆಗಿನ ಆ ಕೃತಿಗಳು 2023ರಲ್ಲಿ ಪ್ರಕಟವಾದವು. ಅರ್ಧ ಶತಮಾನದ ಮೌನ! ಟೇಪು ಉಳಿದಿತ್ತೆಂಬ ಒಂದೇ ಕಾರಣಕ್ಕೆ ಇಂದು ಆ ಹೆಸರುಗಳು ನಮಗೆ ತಿಳಿದಿವೆ.

ಚಿತ್ರರಂಗಕ್ಕೆ ಸಿಂಥಸೈಸರ್ ದೊಡ್ಡ ಪ್ರಮಾಣದಲ್ಲಿ ಬಂದದ್ದು ಎಂಬತ್ತರ ದಶಕದಲ್ಲಿ. ಯಮಹಾ ಕಂಪನಿಯ ಡಿಎಕ್ಸ್-7 ಮಾರುಕಟ್ಟೆಗೆ ಬಂದದ್ದು 1983ರಲ್ಲಿ. ಒಂದು ವಾದ್ಯ ಇನ್ನೊಂದರ ಜೊತೆ ಮಾತನಾಡಲು ಅನುವಾಗುವ ‘ಮಿಡಿ’ ಎಂಬ ವ್ಯವಸ್ಥೆ ಬಂದದ್ದೂ ಅದೇ ವರ್ಷ. ತಂತಿ ಮಿಡಿ, ಹೃದಯ ಮಿಡಿ ಎನ್ನುವ ಭಾಷೆಯವರಾದ ನಮಗೆ ಈ ಹೆಸರು ಕಾಕತಾಳೀಯವಾಗಿ ಸೊಗಸೆನಿಸಿದರೆ ತಪ್ಪಿಲ್ಲ. ಅಲ್ಲಿಂದ ಹತ್ತು ವರ್ಷಕ್ಕೆ, 1993ರಲ್ಲಿ, ಉಪೇಂದ್ರ ನಿರ್ದೇಶನದ ‘ಶ್!’ ಬಂದಿತು. ಕೊಲೆ, ಕತ್ತಲು, ಚಿತ್ರೀಕರಣದ ತಂಡವನ್ನೇ ಕಾಡುವ ಭೀತಿ ಅದರ ಕಥಾವಸ್ತು. ಸಂಗೀತ ನೀಡಿದವರು ಕೀಬೋರ್ಡ್ ವಾದನದಿಂದ ಹೆಸರಾದ ಸಾಧು ಕೋಕಿಲ. ಇಂದಿನ ಪ್ರೇಕ್ಷಕರು ಅವರನ್ನು ಹಾಸ್ಯನಟರೆಂದೇ ಗುರುತಿಸುತ್ತಾರೆ. ನಗಿಸುವುದಕ್ಕೂ ಬೆಚ್ಚಿಬೀಳಿಸುವುದಕ್ಕೂ ಬೇಕಾದ ಕಾಲಪ್ರಜ್ಞೆ ಒಂದೇ ಆಗಿರುವುದರಿಂದ ಇದರಲ್ಲಿ ಆಶ್ಚರ್ಯಪಡುವಂಥದ್ದಿಲ್ಲ. ಇತ್ತೀಚಿನ ‘ರಂಗಿತರಂಗ’ (2015) ಚಿತ್ರದ ಹಿನ್ನೆಲೆ ಸಂಗೀತ ಬಿ. ಅಜನೀಶ್ ಲೋಕನಾಥ್ ಅವರದು. ‘ಯೂ ಟರ್ನ್’ (2016) ಪೂರ್ಣಚಂದ್ರ ತೇಜಸ್ವಿ ಅವರದು. ‘ಕವಲುದಾರಿ’ (2019) ಚರಣ್ ರಾಜ್ ಅವರದು.

ಕೀಬೋರ್ಡಿನ ಸೌಲಭ್ಯದೊಂದಿಗೆ ಒಂದು ಕೆಡುಕೂ ಬಂದಿತೆನ್ನದೆ ವಿಧಿಯಿಲ್ಲ. ಕಾರ್ಖಾನೆಯಲ್ಲಿಯೇ ತುಂಬಿ ಕಳುಹಿಸಿದ ನೂರಾರು ದನಿಗಳು ಗುಂಡಿಯೊತ್ತಿದರೆ ಸಿಗುತ್ತವೆ. ‘ಭಯ’ಕ್ಕೆ ಒಂದು ಗುಂಡಿ, ‘ದುಃಖ’ಕ್ಕೆ ಒಂದು ಗುಂಡಿ. ಜಪಾನಿನಲ್ಲಿ ಯಾರೋ ಕಲ್ಪಿಸಿದ ಭಯವೇ ಬೆಂಗಳೂರಿನ ಧಾರಾವಾಹಿಯಲ್ಲೂ ಸಿಂದಗಿಯ ನಾಟಕದ ರಂಗದ ಮೇಲೂ ಕೇಳಿಸುತ್ತದೆ. ಪೇಟಿ ಮಾಸ್ತರರನ್ನು ಮನೆಗೆ ಕಳಿಸಿ ತಂದ ವಾದ್ಯದಿಂದ ಇಷ್ಟೇ ಸಾಧಿಸುವುದಾದರೆ ಆ ಬದಲಾವಣೆ ದುಬಾರಿಯದೇ. ಅದೇ ದನಿ ಮೂರನೆಯ ಬಾರಿ ಕೇಳಿದಾಗ ಪ್ರೇಕ್ಷಕನು ಹೆದರುವುದಿಲ್ಲ, ‘ಈಗ ಹೆದರಬೇಕು’ ಎಂದು ತಿಳಿದುಕೊಳ್ಳುತ್ತಾನೆ. ಎರಡಕ್ಕೂ ಅಜಗಜಾಂತರವಿದೆ. ಪರಿಚಿತವಾದುದು ಅಪರಿಚಿತವಾಗಿ ಕೇಳಿಸಿದಾಗಲೇ ನಿಜವಾದ ಭೀತಿ.

ಆ ಪರಿಚಿತ ದನಿಗಳಿಗೆ ನಮ್ಮ ನಾಲ್ಕು ತಾಲೂಕುಗಳಲ್ಲಿ ಬರವಿಲ್ಲ. ಬೀಸುವ ಕಲ್ಲಿನ ಗರಗರ, ಬಾವಿಯ ರಾಟೆಯ ಕಿರುಗುಟ್ಟುವಿಕೆ, ಎಣ್ಣೆ ಕಾಣದ ಚಕ್ಕಡಿಯ ಅಚ್ಚು, ಜೋಳದ ಕಣಿಕೆಯ ಬಣವೆಯ ಮೇಲೆ ಗಾಳಿಯಾಡುವ ಸಪ್ಪಳ, ಇಂಡಿ ರೋಡ್ ಅಥವಾ ಬಸವನ ಬಾಗೇವಾಡಿ ರೋಡ್ ನಿಲ್ದಾಣದ ಕಡೆಯಿಂದ ನಟ್ಟಿರುಳಿನಲ್ಲಿ ತೇಲಿಬರುವ ರೈಲಿನ ಕೂಗು, ಬಿಸಿಲಿಗೆ ಕಾಯಿಸಿದ ಹಲಗೆಯ ಪೆಟ್ಟು. ಇವುಗಳಲ್ಲಿ ಒಂದನ್ನು ಮೊಬೈಲಿನಲ್ಲಿ ಮುದ್ರಿಸಿಕೊಂಡು, ‘ಅಡಾಸಿಟಿ’ಯಂಥ ಉಚಿತ ತಂತ್ರಾಂಶದಲ್ಲಿ ವೇಗವನ್ನು ಅರ್ಧಕ್ಕಿಳಿಸಿದರೆ ಅದು ಒಂದು ಸ್ಥಾಯಿ ಕೆಳಗಿಳಿದು ಎರಡರಷ್ಟು ದೀರ್ಘವಾಗುತ್ತದೆ. ಕಾಲುಭಾಗಕ್ಕಿಳಿಸಿದರೆ ಎರಡು ಸ್ಥಾಯಿ ಕೆಳಗೆ, ನಾಲ್ಕರಷ್ಟು ದೀರ್ಘ. ರಾಟೆಯ ಕಿರುಗುಟ್ಟುವಿಕೆ ಆಗ ಯಾವುದೋ ದೊಡ್ಡ ಪ್ರಾಣಿಯ ನರಳಾಟ. ಹಲಗೆಯ ಪೆಟ್ಟನ್ನು ಹಿಂದುಮುಂದಾಗಿ ನುಡಿಸಿದರೆ ನಾದ ಶೂನ್ಯದಿಂದ ಉಬ್ಬುತ್ತ ಬಂದು ಥಟ್ಟನೆ ಕಡಿದುಹೋಗುತ್ತದೆ. ಯಾರೂ ಹೇಳಿಕೊಡದೆಯೇ ಕೇಳುಗ ಉಸಿರು ಬಿಗಿಹಿಡಿಯುತ್ತಾನೆ. ಹೀಗೆ ಪಡೆದ ದನಿಯನ್ನು ಕೀಬೋರ್ಡಿಗೆ ತುಂಬಿಸಿ ಶ್ರುತಿಗೆ ಹೊಂದಿಸಿಕೊಂಡರೆ ಅದು ನಿಮ್ಮದೇ ವಾದ್ಯ. ಯಾವ ಕಂಪನಿಯ ಪಟ್ಟಿಯಲ್ಲೂ ಸಿಗದು.

ಒಂದು ಎಚ್ಚರಿಕೆಯ ಮಾತು. ತೀರ ತಗ್ಗಿನ ದನಿಗಳು ಹೆಡ್‌ಫೋನಿನಲ್ಲಿ ಎದೆ ನಡುಗಿಸಿದರೂ ಮೊಬೈಲಿನ ಸಣ್ಣ ಧ್ವನಿವರ್ಧಕದಲ್ಲಿ ಕೇಳಿಸುವುದೇ ಇಲ್ಲ. ಹಿಂದಿನ ಡೇರೆ ಟಾಕೀಸುಗಳ ಹಾರ್ನ್ ಧ್ವನಿವರ್ಧಕಗಳಿಗೂ ಇದೇ ಕೊರತೆಯಿತ್ತು. ಭೀತಿಯ ಒಂದು ಎಳೆಯನ್ನಾದರೂ ಮಧ್ಯಸ್ಥಾಯಿಯಲ್ಲಿ ಇರಿಸುವುದು ಜಾಣತನ.

ಇನ್ನು ಮೌನದ ವಿಷಯ. ನಮ್ಮ ಓದುಗರಿಗೆ ಇದನ್ನು ವಿವರಿಸುವ ಅಗತ್ಯವಿಲ್ಲ. ಪವಿತ್ರ ಗುರುವಾರ ಮಹಿಮಾಗೀತೆಯ ವೇಳೆ ಮೊಳಗಿದ ಗಂಟೆಗಳು ಪಾಸ್ಖ ಜಾಗರಣೆಯವರೆಗೆ ಮೂಕವಾಗುತ್ತವೆ. ಆ ನಡುವೆ ಮರದ ಗಿಲಕಿಯ ಒಣ ಸದ್ದು ಮಾತ್ರ. ವರ್ಷವಿಡೀ ಗಂಟೆ ಕೇಳಿದ ಕಿವಿಗೆ ಆ ಮರದ ಸದ್ದು ಎಷ್ಟು ಕಟುವಾಗಿ ತಾಕುತ್ತದೆಂಬುದು ಶುಭ ಶುಕ್ರವಾರ ದೇವಾಲಯದಲ್ಲಿ ನಿಂತವರಿಗೆಲ್ಲ ಗೊತ್ತು. ಹಿನ್ನೆಲೆ ಸಂಗೀತಗಾರನಿಗೂ ಇದೇ ಲೆಕ್ಕ. ಹತ್ತು ನಿಮಿಷ ಎಡೆಬಿಡದೆ ನುಡಿಸಿದ ಮೇಲೆ ಹನ್ನೊಂದನೆಯ ನಿಮಿಷದ ಆಘಾತಕ್ಕೆ ಬೆಲೆಯಿಲ್ಲ. ಬಾಗಿಲ ಚಿಲಕ ಅಲುಗುವ ಮುನ್ನ ಎಲ್ಲ ದನಿಗಳನ್ನೂ ತೆಗೆದು, ಗಡಿಯಾರದ ಟಿಕ್ ಟಿಕ್ ಒಂದನ್ನೇ ಉಳಿಸುವ ಸಂಯಮ ಬೇಕು. ಆರಂಭಿಕರು ಎಡವುವುದು ಬಹುತೇಕ ಇಲ್ಲಿಯೇ. ಖಾಲಿ ಜಾಗ ಕಂಡಲ್ಲೆಲ್ಲ ಬೆರಳು ಕೀಲಿಮಣೆಯತ್ತ ಓಡುತ್ತದೆ.

ಹಿನ್ನೆಲೆ ಸಂಗೀತವು ಗಣಿತದ ಕೆಲಸವೂ ಹೌದು. ಸಂಕಲನ ಮುಗಿದ ಚಿತ್ರವನ್ನು ನಿರ್ದೇಶಕರ ಜೊತೆ ಕುಳಿತು ನೋಡಿ, ಸಂಗೀತ ಎಲ್ಲಿ ಆರಂಭವಾಗಬೇಕು, ಎಲ್ಲಿ ನಿಲ್ಲಬೇಕೆಂಬುದನ್ನು ನಿಮಿಷ ಸೆಕೆಂಡುಗಳ ಲೆಕ್ಕದಲ್ಲಿ ಬರೆದುಕೊಳ್ಳಬೇಕು. ಚಿತ್ರವು ಸೆಕೆಂಡಿಗೆ 24 ಚೌಕಟ್ಟುಗಳಂತೆ ಓಡುತ್ತದೆ. ನಿಮಿಷಕ್ಕೆ 120 ಬಡಿತದ ಲಯ ಹಿಡಿದರೆ ಒಂದೊಂದು ಬಡಿತಕ್ಕೆ 12 ಚೌಕಟ್ಟು. ವಿಶ್ರಾಂತ ಹೃದಯದ ಗತಿಗೆ ಸಮೀಪವಾದ 60 ಬಡಿತವಾದರೆ 24. ಚೂರಿ ಮಿಂಚುವ ಚೌಕಟ್ಟಿಗೂ ನಾದದ ಪೆಟ್ಟಿಗೂ ನಡುವೆ ನಾಲ್ಕು ಚೌಕಟ್ಟಿನ ಅಂತರವಾದರೆ ಅದು ಸೆಕೆಂಡಿನ ಆರನೆಯ ಒಂದು ಭಾಗ. ಅಷ್ಟು ಮುಂಚೆ ಬಂದರೆ ಗುಟ್ಟು ರಟ್ಟಾಯಿತು. ತುಸು ತಡವಾದರೆ ಸಹ್ಯ: ಕಣ್ಣು ಮೊದಲು ಬೆಚ್ಚಿ ಕಿವಿ ಆಮೇಲೆ ಬೆಚ್ಚಲಿ.

‘ತರ್ಕ’, ‘ಉತ್ಕರ್ಷ’, ‘ನಿಷ್ಕರ್ಷ’ಗಳ ಹಿನ್ನೆಲೆ ಸಂಗೀತವನ್ನು ಇಂದು ಅಭ್ಯಾಸ ಮಾಡಬಯಸುವ ವಿದ್ಯಾರ್ಥಿಯು ಆ ಚಿತ್ರಗಳನ್ನೇ ಹಾಕಿಕೊಂಡು, ಮಾತು, ಗುಂಡಿನ ಸದ್ದು, ಕಾಲ ಸಪ್ಪಳಗಳ ನಡುವಿನಿಂದ ನಾದವನ್ನು ಹೆಕ್ಕಿ ಕೇಳಬೇಕು. ಚಿತ್ರದ ಪ್ರತಿಗೆ ಒದಗಿದ ಗತಿಯೇ ಅದರೊಳಗಿನ ನಾದಕ್ಕೂ ಒದಗುತ್ತದೆ. ಅಹಮದಾಬಾದಿನ ಟೇಪುಗಳಿಗಿದ್ದ ಕಪಾಟಿನ ಆಶ್ರಯ ಎಲ್ಲರಿಗೂ ದೊರೆಯುವುದಿಲ್ಲ. ಆದಕಾರಣ ಇಂದು ಹತ್ತು ನಿಮಿಷದ ಕಿರುಚಿತ್ರಕ್ಕೆ ಸಂಗೀತ ರಚಿಸುವವರೂ ತಮ್ಮ ಕೆಲಸವನ್ನು ಮಾತುಗಳೊಂದಿಗೆ ಬೆರೆಸುವ ಮುನ್ನವೇ ಪ್ರತ್ಯೇಕವಾಗಿ ತೆಗೆದಿಡುವುದು ಒಳ್ಳೆಯದು. ಮೂಲ ದನಿಗಳು ಬೇರೆ, ಸಂಸ್ಕರಿಸಿದ ದನಿಗಳು ಬೇರೆ, ಒಟ್ಟು ಸಂಗೀತ ಬೇರೆ. ಪ್ರತಿಯೊಂದರ ಮೇಲೂ ದಿನಾಂಕ, ಊರು, ದನಿಯ ಮೂಲ ಬರೆದು ಎರಡು ಕಡೆ ಇಡಬೇಕು. ಮುದ್ರಣವನ್ನು ಸೆಕೆಂಡಿಗೆ 48,000 ಮಾದರಿಗಳಂತೆ ಮಾಡಿಕೊಂಡರೆ ಚಿತ್ರದ ಒಂದು ಚೌಕಟ್ಟಿಗೆ ಸರಿಯಾಗಿ 2,000 ಮಾದರಿ ಬರುತ್ತದೆ, ಸಂಕಲನಕಾರನ ಮೇಜಿನ ಮೇಲೆ ಲೆಕ್ಕ ತಪ್ಪುವುದಿಲ್ಲ.